ಚಿಕ್ಕ ಮಾಮಿ ಪ್ರತಿವಾದಿಯಾದದ್ದು

ಮದರಾಸಿನ ವೆಸ್ಟ್ ಮಾಂಬಲಂನಲ್ಲಿ ನಮ್ಮ ಮನೆಗೂ ಪಕ್ಕದ ಮನೆಗೂ ನಡುವೆ ಒಂದು ಸಂದು ಇತ್ತು. ತೊಂಬತ್ತರ ದಶಕದ ಕೊನೆಯಲ್ಲಿ ಪಕ್ಕದವರು ಹಳೇ ಮನೆ ಕೆಡವಿ ಫ್ಲ್ಯಾಟ್ ಕಟ್ಟಲು ಹೊರಟಾಗ, ಸಂದಿನ ಅರ್ಧ ತಮ್ಮದೆಂದು ಹೇಳಿ ಕಾಂಪೌಂಡಿಗೆ ಪಾಯ ತೋಡಿಸಿದರು. ಉಡುಪಿ ಕಡೆಯಿಂದ ಬಂದು ಸ್ಟೇಷನ್ ಹತ್ತಿರ ಸಣ್ಣ ಹೋಟೆಲು ನಡೆಸುತ್ತಿದ್ದ ಅಪ್ಪ ಜಗಳವಾಡುವವರಲ್ಲ. ಸುಮ್ಮನೆ ಹೋಗಿ ದಾವೆ ಹೂಡಿ ಬಂದರು.

ಆ ಸಂದು ನಮಗಿಂತ ಹೆಚ್ಚು ಬೇಕಾಗಿದ್ದದ್ದು ಹಿಂದಿನ ಮನೆಯ ಅಕ್ಕತಂಗಿಯರಿಗೆ. ತಲೆಮಾರುಗಳಿಂದ ಮದರಾಸಿನಲ್ಲೇ ನೆಲೆಸಿದ ಕನ್ನಡದ ವೈಷ್ಣವ ಮನೆತನ ಅವರದು. ಮದುವೆಯಾಗದ ಅಕ್ಕ ಟೈಪಿಸ್ಟ್ ಆಗಿದ್ದು ನಿವೃತ್ತರಾದವರು. ತಂಗಿಗೆ ಹುಟ್ಟಿನಿಂದ ಕಣ್ಣು ಕಾಣದು. ನಮಗೆ ಅವರು ದೊಡ್ಡ ಮಾಮಿ, ಚಿಕ್ಕ ಮಾಮಿ. ಚಿಕ್ಕ ಮಾಮಿ ದಿನಾ ಸಂಜೆ ನಮ್ಮ ಗೋಡೆ ಸವರುತ್ತ ಒಬ್ಬರೇ ರಸ್ತೆಯವರೆಗೆ ಬಂದು, ಹೂವಿನವಳ ಹತ್ತಿರ ಹರಟೆ ಹೊಡೆದು ವಾಪಸಾಗುತ್ತಿದ್ದರು.

ಕೆಲವು ತಿಂಗಳಾದ ಮೇಲೆ ವಕೀಲರು ಅಪ್ಪನಿಗೆ ಹೇಳಿದರು: ಹಿಂದಿನ ಮನೆಯವರಿಗೂ ಅದೇ ದಾರಿ, ಅವರನ್ನು ಬಿಟ್ಟು ತೀರ್ಪು ಪಡೆದರೆ ನಾಳೆ ಅದು ನಿಲ್ಲುವುದಿಲ್ಲ. ನಮ್ಮ ಜೊತೆ ವಾದಿಗಳಾಗಲು ದೊಡ್ಡ ಮಾಮಿ ಮೊದಲೇ ಹೆದರಿ ಒಲ್ಲೆ ಎಂದಿದ್ದರು. ಹಾಗಾಗಿ ಅವರಿಬ್ಬರನ್ನು ಪ್ರತಿವಾದಿಗಳಾಗಿ ಸೇರಿಸುವ ಅರ್ಜಿ ಸಿದ್ಧವಾಯಿತು.

ಅಮ್ಮ ಇದನ್ನು ಕೇಳಿ ಊಟ ಬಿಟ್ಟು ಎದ್ದಳು. "ಪ್ರತಿವಾದಿ ಅಂದ್ರೆ ನಮ್ಮ ಎದುರು ನಿಲ್ಲುವವ್ರು ಅಲ್ವಾ? ನನ್ನ ಬಾಣಂತನ ಮಾಡಿದವ್ರಿಗೆ ಕೋರ್ಟಿನ ನೋಟಿಸು ಕಳಿಸುದಾ?"

"ಹೆಸರಿಗೆ ಮಾತ್ರ ಮಾರಾಯ್ತಿ," ಎಂದರು ಅಪ್ಪ.

ನೋಟಿಸು ತಲುಪುವ ಮುಂಚೆ ತಾನೇ ಹೇಳಬೇಕೆಂದು ಅಮ್ಮ ನನ್ನನ್ನು ಕರೆದುಕೊಂಡು ಅವರ ಮನೆಗೆ ಹೋದಳು. ವಿಷಯ ಹೇಳಿ, ಜಡ್ಜು ಅವರಿಬ್ಬರನ್ನೂ ಕರೆಸಿ ಕೇಳುತ್ತಾರೆಂದು ತಿಳಿಸಿದಳು. ದೊಡ್ಡ ಮಾಮಿಯ ಮುಖ ಬಾಡಿತು.

"ನಮಗೆ ಈ ಕೋರ್ಟೆಲ್ಲಾ ವೇಂಡಾಂ, ಬೇಡ ಅಂದಿದ್ನಲ್ಲಮ್ಮಾ. ಪಾವಂ, ಇವಳನ್ನ ಯಾಕೆ ಎಳೀತೀರಿ?"

ಒಳಗಿನಿಂದ ಚಿಕ್ಕ ಮಾಮಿ ಕೇಳಿದರು, "ನನ್ನ ಹೆಸರೂ ಹಾಕಿದಾರಾ?"

"ಹೌದು ಮಾಮಿ. ಮನೆ ಇಬ್ಬರದ್ದೂ ಅಲ್ವಾ," ಎಂದೆ.

"ಹೆಂಗೆ ಹಾಕಿದಾರೆ, ಹೇಳು ನೋಡೋಣ."

ಮೂರನೇ ಪ್ರತಿವಾದಿ ಎಂದು ಹೇಳಿ ನಾನು ಅವರ ಪೂರ್ತಿ ಹೆಸರು ಹೇಳಿದೆ. ಆ ಹೆಸರು ಹಿಡಿದು ಅವರನ್ನು ಕರೆಯುವವರು ಯಾರೂ ಉಳಿದಿರಲಿಲ್ಲವೆಂದು ಕಾಣುತ್ತದೆ. ಅವರು ಬಾಗಿಲಿಗೆ ಬಂದು ನಕ್ಕರು.

"ನನ್ನ ಒಂದು ಮಾತು ಕೇಳಿ ಏನಾದ್ರೂ ಮಾಡಿದೋರು ಇಷ್ಟು ವರ್ಷದಲ್ಲಿ ಯಾರೂ ಇಲ್ಲ, ಅಕ್ಕಾ. ಈಗ ಜಡ್ಜೇ ಕೇಳ್ತಾರಂತೆ. ನಾನು ಹೋಗ್ತೀನಿ."

ವಿಚಾರಣೆಯ ದಿನ ವಾದಿಯ ಹೆಂಡತಿಯೂ ಇಬ್ಬರು ಪ್ರತಿವಾದಿಗಳೂ ಒಂದೇ ಆಟೋದಲ್ಲಿ ಊರಿನ ಇನ್ನೊಂದು ತುದಿಯ ಪ್ಯಾರೀಸ್ ಕಾರ್ನರಿನಲ್ಲಿದ್ದ ಕೋರ್ಟಿಗೆ ಹೋದರು. ಕಾಲೇಜಿಗೆ ಚಕ್ಕರ್ ಹೊಡೆದು ನಾನೂ ತೂರಿಕೊಂಡೆ. ಚಿಕ್ಕ ಮಾಮಿ ಮದುವೆಮನೆಗಳಿಗೆ ಉಡುವ ರೇಷ್ಮೆ ಸೀರೆ ಉಟ್ಟಿದ್ದರು.

ಸೇರಿಸಲು ಆಕ್ಷೇಪಣೆ ಇದೆಯೇ ಎಂದು ನ್ಯಾಯಾಧೀಶರು ತಮಿಳಿನಲ್ಲಿ ಕೇಳಿದರು. ದೊಡ್ಡ ಮಾಮಿ ಇಲ್ಲವೆಂದು ತಲೆಯಾಡಿಸಿದರಷ್ಟೇ. ಚಿಕ್ಕ ಮಾಮಿ ದನಿ ಬಂದ ಕಡೆ ಮುಖ ತಿರುಗಿಸಿ, ತಮಿಳಿನಲ್ಲೇ ನಿಧಾನವಾಗಿ ಹೇಳಿದರು: "ಇಲ್ಲ ಅಯ್ಯಾ. ನಾನು ಒಬ್ಬಳೇ ನಡೆಯೋಕೆ ಆಗೋದು ಆ ದಾರೀಲಿ ಮಾತ್ರ. ನನ್ನ ಸೇರಿಸಿದ್ದು ಒಳ್ಳೇದೇ ಆಯ್ತು."

ಹೊರಗೆ ವರಾಂಡದಲ್ಲಿ ಪಕ್ಕದ ಮನೆಯವರು ಸ್ವಲ್ಪ ಹೊತ್ತು ದೂರ ನಿಂತಿದ್ದು, ಆಮೇಲೆ ಹತ್ತಿರ ಬಂದರು. "ಕೋಪವಾ ಮಾಮಿ?"

"ಕೋಪ ಏನಿಲ್ಲಪ್ಪಾ. ಕೈ ಕೊಡು, ಮೆಟ್ಟಿಲು ಇಳೀಬೇಕು."

ಅವರು ಕೈ ಹಿಡಿದು ಇಳಿಸಿದರು. ಅಮ್ಮ ಸೆರಗಿನಿಂದ ಕಣ್ಣೊರೆಸಿಕೊಂಡಳು.

ಮರುವರ್ಷ ರಾಜಿಯಾಯಿತು. ಪಾಯದ ಗುಂಡಿ ಮುಚ್ಚಿಸಿ ಪಕ್ಕದವರು ಕಾಂಪೌಂಡನ್ನು ತಮ್ಮ ಜಾಗದ ಒಳಕ್ಕೆ ತೆಗೆದುಕೊಂಡರು. ಸಹಿ ಹಾಕಿದ ದಿನ ಎಲ್ಲರೂ ನಮ್ಮ ಹೋಟೆಲಿಗೇ ಬಂದರು, ಪಕ್ಕದವರೂ. ಅಪ್ಪ ಮಾಣಿಯನ್ನು ಕಳಿಸದೆ ತಾವೇ ಕಾಫಿ ತಂದು ಚಿಕ್ಕ ಮಾಮಿಯ ಕೈಗೆ ಕೊಟ್ಟು, "ಬಿಸಿ ಉಂಟು, ನಿಧಾನ," ಎಂದರು.