ಡೆನ್ಮಾರ್ಕಿನವರಾಗಿ ಬಳ್ಳಾರಿಗೆ

ಸಿರುಗುಪ್ಪದ ಬಸ್ ನಿಲ್ದಾಣದಿಂದ ಹೊರಟಾಗ ಬೆಳಗಿನ ಬಿಸಿಲು ಆಗಲೇ ಚುರುಕಾಗಿತ್ತು. ನಾನು ಇಲ್ಲಿನ ಕಾಲೇಜಿನಲ್ಲಿ ರಾಜ್ಯಶಾಸ್ತ್ರ ಕಲಿಸುವವಳು. ಜೊತೆಗಿದ್ದವಳು ನನ್ನ ವಿದ್ಯಾರ್ಥಿನಿ, ಹತ್ತಿರದ ರಾರಾವಿ ಊರಿನ ರೇಣುಕಾ. ಅಂದು ಬಳ್ಳಾರಿಯಲ್ಲಿ ಕಾಲೇಜುಗಳ ನಡುವೆ ಒಂದು ಸ್ಪರ್ಧೆ. ವಿದ್ಯಾರ್ಥಿಗಳು ಬೇರೆ ಬೇರೆ ದೇಶಗಳ ಪ್ರತಿನಿಧಿಗಳಾಗಿ ಎದುರುಬದುರು ಕೂತು ಮಾತುಕತೆ ನಡೆಸಬೇಕು. ಚೀಟಿ ಎತ್ತಿದಾಗ ನಮಗೆ ಡೆನ್ಮಾರ್ಕ್ ಬಂದಿತ್ತು, ಬಳ್ಳಾರಿಯದೇ ಗಾಂಧಿನಗರದ ಕಾಲೇಜು ಹುಡುಗರಿಗೆ ಅಮೆರಿಕ. ಮಿತ್ರನಾದ ಅಮೆರಿಕವೇ ನಿಮ್ಮ ಗ್ರೀನ್‌ಲ್ಯಾಂಡ್ ದ್ವೀಪವನ್ನು ಕೊಡಿ ಎಂದರೆ ಪುಟ್ಟ ಡೆನ್ಮಾರ್ಕ್ ಏನನ್ನಬೇಕು? ಇದೇ ವಿಷಯ. ಹಿಂದಿನ ವರ್ಷ ನಮ್ಮ ತಂಡ ಮೊದಲ ಸುತ್ತಿನಲ್ಲೇ ಸೋತು ಬಂದಿತ್ತು.

ನೇರ ಬಸ್ಸು ಬಿಟ್ಟು ಕುರುಗೋಡಿನ ಮೇಲೆ ಹೋಗುವ ಬಸ್ಸು ಹತ್ತಿದೆವು. ತಂಡದ ಮುಖ್ಯ ಮಾತುಗಾತಿ ಶಬಾನಾ ಅಲ್ಲಿಯವಳು. ಆಧಾರ್ ನೋಡಿ ಕಂಡಕ್ಟರ್ ಸೊನ್ನೆ ರೂಪಾಯಿಯ ಟಿಕೆಟ್ ಕೊಟ್ಟರು. ಕಾಲುವೆಗೆ ನೀರು ಬಂದಿತ್ತು. ದಾರಿಯುದ್ದಕ್ಕೂ ಭತ್ತದ ನಾಟಿ ನಡೆದಿತ್ತು.

ಕುರುಗೋಡಿನ ಬಂಡೆಗುಡ್ಡದ ಬಳಿ ಶಬಾನಾಳ ಜೊತೆ ಅವಳ ತಾಯಿಯೂ ಕಾದಿದ್ದರು.

"ಮೇಡಂ, ಇಕಿಗೆ ರಾತ್ರಿಯಿಂದ ಗಂಟಲಾ ಕಟ್ಟೈತ್ರಿ. ಬ್ಯಾಡಂದ್ರೂ ಹೊಂಟಾಳ."

ಬಸ್ಸಿನಲ್ಲಿ ಶಬಾನಾ ಪಿಸುಗುಟ್ಟಿದಳು: "ರೇಣುಕಾ, ನೀನ ಮಾತಾಡಬೇಕು."

"ನನ್ನ ಭಾಷಿ ಕೇಳಿದ್ರ ನಗ್ತಾರ," ಎಂದಳು ರೇಣುಕಾ. ಆದರೂ ಬಳ್ಳಾರಿ ತಲುಪುವವರೆಗೂ ಶಬಾನಾಳ ಟಿಪ್ಪಣಿಗಳನ್ನು ತಿರುವಿಹಾಕಿದಳು.

ಸಭಾಂಗಣ ತುಂಬಿತ್ತು. ಅಮೆರಿಕದ ಪರ ಎದ್ದ ಹುಡುಗ ನೀರು ಕುಡಿದಷ್ಟು ಸಲೀಸಾಗಿ ಮಾತಾಡಿದ. "ನಿಮ್ಮನ್ನು ಕಾಯುವವರು ನಾವು. ಆ ದ್ವೀಪ ನಮ್ಮ ಕೈಯಲ್ಲಿದ್ದರೆ ಇಬ್ಬರಿಗೂ ಕ್ಷೇಮ. ಬೆಲೆ ಹೇಳಿ."

ರೇಣುಕಾ ಎದ್ದಳು. "ನೀವು ನಮ್ಮ ದೊಡ್ಡ ಗೆಳೆಯಾರು, ಇಲ್ಲ ಅನ್ನಂಗಿಲ್ರಿ," ಎಂದಾಗ ಹಿಂದಿನ ಸಾಲಿನಲ್ಲಿ ಯಾರೋ ನಕ್ಕರು. ಅವಳು ನಿಲ್ಲಿಸಲಿಲ್ಲ. "ನಿಮ್ಮ ಸೈನ್ಯ ಅಲ್ಲಿ ಮೊದ್ಲ ಐತಿ. ಇನ್ನೂ ಏನರ ಬೇಕಂದ್ರ ಕುಂತು ಮಾತಾಡೂಣು. ಆದ್ರ ದೋಸ್ತಿ ಐತಂತ ಯಾರೂ ಹೊಲದ ಬದು ಸರಸಂಗಿಲ್ರಿ!"

ನಗು ನಿಂತಿತು.

"ಅಂದರೆ, ಮಾರುವುದಿಲ್ಲವೇ?" ಎಂದ ಹುಡುಗ.

ಶಬಾನಾ ಅವಳ ತೋಳು ಜಗ್ಗಿ ಕಿವಿಯಲ್ಲಿ ಏನೋ ಹೇಳಿದಳು. ರೇಣುಕಾಳ ಮುಖ ಅರಳಿತು. "ಮಾರಾಕ ಅದು ನಮ್ಮ ಸಾಮಾನಲ್ರಿ. ಅಲ್ಲಿ ಮಂದಿ ಅದಾರ. ಮೊದ್ಲು ಅವ್ರಿಗೊಂದು ಕುರ್ಚಿ ಹಾಕ್ರಿ, ಆಮ್ಯಾಲ ಮಾತು." ಹಾಗೆಂದು ತಾನೇ ಮುಂದಿನ ಸಾಲಿನಿಂದ ಖಾಲಿ ಕುರ್ಚಿಯೊಂದನ್ನು ಎಳೆತಂದು ಎರಡು ದೇಶಗಳ ನಡುವೆ ಇಟ್ಟಳು.

ಚಪ್ಪಾಳೆ ಹಿಂದಿನ ಸಾಲಿನಿಂದಲೇ ಶುರುವಾಯಿತು. ಮೊದಲ ಬಹುಮಾನ ಡೆನ್ಮಾರ್ಕಿಗೆ ಎಂದು ತೀರ್ಪುಗಾರರು ಸಾರಿದಾಗ ಶಬಾನಾ ಇಲ್ಲದ ದನಿಯಲ್ಲೇ ಕೂಗಿದಳು. ನಾನಂತೂ ಮೇಷ್ಟರಗಿರಿ ಮರೆತು ಇಬ್ಬರನ್ನೂ ತಬ್ಬಿಕೊಂಡೆ.

ಹೊರಗೆ ಆ ಹುಡುಗನೇ ಬಂದು ಕೈಮುಗಿದ. "ಬರ್ರಿ ಅಕ್ಕಾರ, ಅಮೆರಿಕದ ಲೆಕ್ಕದಾಗ ಒಗ್ಗರಣಿ ಮಿರ್ಚಿ ತಿನ್ನೂಣು." ವೇದಿಕೆ ಇಳಿದ ಮೇಲೆ ಅವನದೂ ನಮ್ಮದೇ ಭಾಷೆ! ಬಂಡಿಯ ಮುಂದೆ ನಿಂತು ಎಲ್ಲರೂ ಮಂಡಕ್ಕಿ ಒಗ್ಗರಣೆ, ಮೆಣಸಿನಕಾಯಿ ಬಜ್ಜಿಯನ್ನು ಖಾರಕ್ಕೆ ಕಣ್ಣೀರು ಸುರಿಸುತ್ತ ತಿಂದೆವು.

ಸಂಜೆ ಶಬಾನಾಳನ್ನು ಕುರುಗೋಡಿನಲ್ಲಿ ಇಳಿಸಿ ಸಿರುಗುಪ್ಪ ಸೇರಿದೆವು. ರೇಣುಕಾಳ ಅಪ್ಪ ಬೈಕು ತಂದು ಕಾದಿದ್ದರು.

"ಯಾರ ಕೂಡ ಜಗಳಾ ಮಾಡಿ ಬಂದಿ, ಯವ್ವಾ?"

"ಅಮೆರಿಕದ ಕೂಡ."

"ಗೆದ್ದಿ?"

"ಗೆದ್ದೆ ಅಪ್ಪಾ," ಎಂದು ಬೈಕು ಹತ್ತಿದಳು. "ದೋಸ್ತೀನೂ ಉಳಿಸ್ಕೊಂಡು ಬಂದೀನಿ."