ಊಟ ಆಗೇತಿ ಎಂದವನ ದನಿ

ಹಳೆಯ ಜಪಾನಿ ಮೂಕಿ ಚಿತ್ರಗಳಿಗೆ ಪರದೆಯ ಪಕ್ಕ ಒಬ್ಬ ನಿಂತು ಎಲ್ಲ ಪಾತ್ರಗಳ ಮಾತನ್ನೂ ತಾನೇ ಆಡುತ್ತಿದ್ದನಂತೆ. ಜರ್ಮನಿಯ ಬಾನ್ ನಗರದಲ್ಲಿ ನಮ್ಮ ಫಿಲ್ಮ್ ಕ್ಲಬ್ಬಿನವರು ಅಂಥದೊಂದು ಚಿತ್ರ ತಂದು, ಒಂದೊಂದು ಶನಿವಾರ ಒಂದೊಂದು ಭಾಷೆಯವರಿಂದ ಮಾತಾಡಿಸಿದರು. ಕನ್ನಡದ ಸರದಿ ಬಂದಾಗ ಎಲ್ಲರೂ ನನ್ನನ್ನು ಮುಂದೆ ತಳ್ಳಿದರು. ಮನೆ ಮಾಲೀಕಿಯಿಂದ ಹಿಡಿದು ಟ್ರಾಮಿನ ಟಿಕೆಟ್ ಚೆಕ್ಕರ್‌ವರೆಗೆ ಯಾರನ್ನೂ ಅಣಕಿಸದೆ ಬಿಡದವನು ನಾನು. ವೀಸಾ ಕಚೇರಿಯಲ್ಲಿ ಬೆವರುವ ನನ್ನನ್ನೂ ಬಿಟ್ಟಿಲ್ಲ.

ಕಥೆ ಸರಳ. ನೂಲಿನ ಗಿರಣಿಯಲ್ಲಿ ಕೆಲಸ ಕಳೆದುಕೊಂಡ ಗಂಡ, ಹೆಂಡತಿ, ಒಂದು ಮಗು. ಗಂಡನಿಗೆ ನನ್ನ ರೂಮ್‌ಮೇಟ್‌ನ ಧಾರವಾಡದ ದನಿ ಕೊಟ್ಟೆ. ಆಸಾಮಿ ಎರಡನೇ ಸಾಲಿನಲ್ಲೇ ಕೂತಿದ್ದ. ಹೆಂಡತಿ ಬಟ್ಟಲು ಮುಂದಿಟ್ಟಳು, ಗಂಡ ತಲೆಯಲ್ಲಾಡಿಸಿದ.

"ನಂದು ಊಟ ಆಗೇತಿ, ನೀ ಉಣ್ಣು" ಎಂದೆ.

ಕನ್ನಡದವರೆಲ್ಲ ಬಿದ್ದುಬಿದ್ದು ನಕ್ಕರು. ನಾವು ಯಾರು ತಟ್ಟೆ ಹಿಡಿದರೂ ಅವನು ಹೇಳುವ ಮಾತದು. ಅವನೂ ನಕ್ಕ.

ಮುಂದಿನ ದೃಶ್ಯದಲ್ಲಿ ಗಂಡ ಹಿತ್ತಲಿಗೆ ಹೋಗಿ ನಲ್ಲಿಗೆ ಬಾಯಿಟ್ಟು ಹೊಟ್ಟೆ ತುಂಬ ನೀರು ಕುಡಿದ. ನನ್ನ ತಲೆ ಅಲ್ಲೇ ನಿಂತಿತು. ನನ್ನ ರೂಮ್‌ಮೇಟ್‌ನ ಕೆಫೆ ಕೆಲಸ ಹೋಗಿ ಎರಡು ತಿಂಗಳು. ಅವನು ಉಂಡದ್ದನ್ನು ನಾನು ಕೊನೆಗೆ ನೋಡಿದ್ದು ಯಾವಾಗ? ಊಟ ಆಯ್ತಾ ಎಂದು ದಿನಾ ಕೇಳಿದ್ದೇನೆ, ನಮಸ್ಕಾರ ಹೇಳುವ ಹಾಗೆ. ಉತ್ತರವನ್ನು ಅಣಕಿಸಲಿಕ್ಕೆಂದು ಬಾಯಿಪಾಠ ಮಾಡಿಕೊಂಡಿದ್ದೇನೆ, ಕೇಳಿಸಿಕೊಂಡಿಲ್ಲ.

ಪರದೆಯ ಮೇಲೆ ಹೆಂಡತಿ ಮತ್ತೆ ಬಟ್ಟಲು ಚಾಚಿದಳು. ಗಂಡನ ಮಾತು ನನ್ನ ಬಾಯಿಂದ ಹೊರಡಲಿಲ್ಲ. ಆಗ ಎರಡನೇ ಸಾಲಿನಿಂದ ಅವನೇ ಹೇಳಿದ: "ನಂದು ಆಗೇತಿ ಅಂದ್ನೆಲ್ಲ, ಎಷ್ಟ ಸಲ ಕೇಳ್ತಿ?"

ಚಪ್ಪಾಳೆ ಬಿತ್ತು. ನನ್ನ ಮಾನ ಉಳಿಸಿದನೋ, ಸುಮ್ಮನಿರು ಎಂದು ನನಗೇ ಹೇಳಿದನೋ, ಇಲ್ಲಾ ಅದು ಬರೀ ತಮಾಷೆಯೋ ತಿಳಿಯಲಿಲ್ಲ. ಉಳಿದ ಚಿತ್ರಕ್ಕೆ ಏನೇನು ಮಾತಾಡಿದೆನೋ, ಮಗುವಿಗೆ ಗಂಡಸಿನ ದನಿ ಕೊಟ್ಟೆನಂತೆ.

ಮನೆಗೆ ಬಂದವನೇ ಒಲೆ ಹಚ್ಚಿದೆ. ಅನ್ನ, ಸಾರು ಮಾಡಿ ಎರಡು ತಟ್ಟೆ ಇಟ್ಟೆ.

"ಯಾರ್ ಬರಾಕತ್ತಾರಲೇ?"

"ಯಾರೂ ಇಲ್ಲ ಮಗಾ. ಜಾಸ್ತಿ ಮಾಡ್ಬಿಟ್ಟೆ."

"ಅಳತಿನ ಗೊತ್ತಿಲ್ಲ ನಿನಗ" ಎನ್ನುತ್ತ ಕೂತ. ಸಾರಿಗೆ ಉಪ್ಪಿಲ್ಲ ಎಂದು ನನ್ನದೇ ಮೈಸೂರು ದನಿಯಲ್ಲಿ ಆಡಿಕೊಂಡ. ಮೂರು ಸಲ ಬಡಿಸಿದೆ, ಒಂದು ಸಲವೂ ಬೇಡ ಎನ್ನಲಿಲ್ಲ. ಹಸಿವಿತ್ತೋ, ನನ್ನ ಮನಸ್ಸು ನೋಯದಿರಲೆಂದು ಉಂಡನೋ, ಈಗಲೂ ಹೇಳಲಾರೆ.

ಮರುದಿನವೂ ಜಾಸ್ತಿಯೇ ಮಾಡಿದೆ.