ಹೆಸರು ಹಿಡಿದು ಕರೆದದ್ದು

ನಿನ್ನೆ ಸೇಡಂನಿಂದ ತಂಗಿ ಒಂದು ಚೀಲ ಸೀತಾಫಲ ಕಳಿಸಿದಳು. ಹಣ್ಣು ನಲುಗದಿರಲೆಂದು ಕೆಳಗೂ ಮೇಲೂ ಅದರ ಎಲೆಯನ್ನೇ ತುಂಬಿದ್ದಳು. ಸೀತಾಫಲದ ಹಣ್ಣಿನ ವಾಸನೆ ನಿಮಗೂ ಗೊತ್ತಿರುತ್ತದೆ. ಎಲೆಯ ವಾಸನೆ ಗೊತ್ತೋ ಇಲ್ಲವೋ. ಹೊಸಕಿದರೆ ಮೂಗಿಗೆ ಹತ್ತುವಂಥ ಒಂದು ಹಸಿ ಘಾಟು. ಚೀಲದ ಬಾಯಿ ಬಿಚ್ಚಿದ್ದೇ ತಡ, ಅಡುಗೆಮನೆಯಲ್ಲಿ ನಿಂತಿದ್ದ ನಾನು ತಟ್ಟನೆ ಹೊರಳಿ, ನಮ್ಮ ಮನೆಯವರು ಇದ್ದಾರೋ ಇಲ್ಲವೋ ಎಂದು ಪಡಸಾಲೆಗೆ ಇಣುಕಿ ನೋಡಿದೆ. ಇದ್ದರು. ಪೇಪರು ಓದುತ್ತ ಕೂತಿದ್ದರು.

ಗಂಡ ಮನೆಯಲ್ಲಿ ಇದ್ದಾನೋ ಎಂದು ಹಗಲುಹೊತ್ತಿನಲ್ಲಿ ಹೀಗೆ ಇಣುಕುವ ಹೆಂಗಸನ್ನು ನೋಡಿ ನೀವು ನಗಬಹುದು. ನಗಿ. ನಾನೂ ಮೊದಲು ಹಾಗೆ ನಗುತ್ತಿದ್ದವಳೇ.

ನಾವು ವಾಡಿಯವರು. ಸಿಮೆಂಟು ಕಾರ್ಖಾನೆಯ ಬೆನ್ನಿಗೆ ನಮ್ಮ ಮನೆ, ಎದೆಗೆ ರೈಲು ಹಳಿ. ಹಗಲೂ ರಾತ್ರಿ ಮಿಲ್ಲಿನ ಗುಂಯ್ ಶಬ್ದ. ಹೊಸದಾಗಿ ಮದುವೆಯಾಗಿ ಬಂದಾಗ ನಿದ್ದೆ ಬಾರದೆ ಅತ್ತಿದ್ದೆ. ಆಮೇಲೆ ಅದು ಎಷ್ಟು ಒಗ್ಗಿಹೋಯಿತೆಂದರೆ, ರಿಪೇರಿಗೆಂದು ಮಿಲ್ಲು ನಿಲ್ಲಿಸಿದ ರಾತ್ರಿಗಳಲ್ಲಿ ಇಡೀ ಓಣಿಯೇ ಎಚ್ಚರಾಗಿ ಕೂಡುತ್ತಿತ್ತು. ಕೂಸುಗಳು ಅಳುತ್ತಿದ್ದವು, ನಾಯಿಗಳು ಎದ್ದು ನಿಲ್ಲುತ್ತಿದ್ದವು. ಪಕ್ಕದ ಮನೆಯ ಖೈರುನ್ ಆಪಾ ಬಾಗಿಲು ತೆಗೆದು, "ಏನಾಯ್ತವ್ವಾ, ಎಲ್ಲಾ ಸತ್ತಾಂಗ ಆಗ್ಯದಲ್ಲ" ಎನ್ನುತ್ತಿದ್ದಳು. ನಮ್ಮವರೊಬ್ಬರೇ ಗೊರಕೆ ಹೊಡೆಯುತ್ತಿದ್ದರು. ಕಲ್ಲು ಒಡೆಯುವ ಕ್ರಷರಿನ ಮಗ್ಗುಲಲ್ಲೇ ಅವರ ಡ್ಯೂಟಿ. ಎಷ್ಟು ಗಟ್ಟಿ ಮನುಷ್ಯ ಎಂದು ನಾನು ಹೆಮ್ಮೆಪಟ್ಟುಕೊಂಡಿದ್ದೆ.

ಅವರ ಬಗ್ಗೆ ನನ್ನದೊಂದು ತಕರಾರೂ ಇತ್ತು. ನಾನು ಏನು ಹೇಳಿದರೂ "ಹೂಂ." ಉಪ್ಪು ತರ್ರಿ ಎಂದರೂ ಹೂಂ, ನೆಂಟರು ಬರುತ್ತಾರೆ ಎಂದರೂ ಹೂಂ. ಉಪ್ಪೂ ಬರುತ್ತಿರಲಿಲ್ಲ, ನೆಂಟರು ಬಂದಾಗ ಬೆಪ್ಪಾಗುತ್ತಿದ್ದರು. ಹೆಂಡತಿಯ ಮಾತು ಕಿವಿಗೆ ಹಾಕಿಕೊಳ್ಳುವ ಗಂಡಸು ಯಾವ ಊರಿನಲ್ಲಿದ್ದಾನೆ ಎಂದು ನಾನು ನನ್ನನ್ನೇ ಸಮಾಧಾನ ಮಾಡಿಕೊಳ್ಳುತ್ತಿದ್ದೆ.

ಇನ್ನೊಂದು ಮಾತು ಇಲ್ಲೇ ಹೇಳಿಬಿಡುತ್ತೇನೆ. ನಾವು ಗಂಡನ ಹೆಸರು ಹಿಡಿಯುವುದಿಲ್ಲ. ಮದುವೆ ಮುಂಜಿಯಲ್ಲಿ ಹೆಂಗಸರು ಬಾಗಿಲಿಗೆ ಅಡ್ಡ ನಿಂತು ಒಡಪು ಹಾಕು ಎಂದು ಕಾಡಿದಾಗ, ನಾಲ್ಕು ಸಾಲಿನ ಒಡಪಿನ ನಡುವೆ ಆ ಹೆಸರನ್ನು ಅಡಗಿಸಿ, ನಾಚಿ, ನುಂಗಿ ಹೇಳಿದರೆ ಮುಗಿಯಿತು. ಬ್ಯಾಂಕಿನಲ್ಲಿ ಗಂಡನ ಹೆಸರು ಕೇಳಿದರೆ ನಾನು ಖೈರುನ್ ಆಪಾನ ಮುಖ ನೋಡುತ್ತಿದ್ದೆ, ಅವಳು ಹೇಳುತ್ತಿದ್ದಳು. ಈಗಿನ ಹುಡುಗಿಯರು ಹಾಡುಹಗಲೇ ಹೆಸರು ಹಿಡಿದು ಕರೆಯುತ್ತಾರೆ. ಕೇಳಿದರೆ ನನಗೆ ಯಾರೋ ಸೆರಗು ಜಗ್ಗಿದಂತಾಗುತ್ತದೆ.

ನಮ್ಮವರು ರಿಟೈರ್ ಆದ ವರ್ಷ, ದೀಪಾವಳಿ ಕಳೆದ ಮೇಲೆ, ಖೈರುನ್ ಆಪಾ ಒಂದು ಸುದ್ದಿ ತಂದಳು. ಚಿಂಚೋಳಿ ಕಾಡಿನಲ್ಲಿ ಗೈಡ್ ಒಬ್ಬ ಜೊತೆಗೆ ಬರುತ್ತಾನಂತೆ, ಗುಡ್ಡ ಹತ್ತಿಸಿ, ಕೆರೆ ತೋರಿಸಿ, ಸಂಜೆಯೊಳಗೆ ವಾಪಸು ಬಿಡುತ್ತಾನಂತೆ. ನಾವು ಕಂಡ ಗುಡ್ಡಗಳೆಂದರೆ ಶಹಾಬಾದ್ ಕಡೆಯ ಗಣಿಗಳಲ್ಲಿ ಬಗೆದು ಒಟ್ಟಿದ ಮಣ್ಣಿನ ರಾಶಿಗಳು. ನಿಜವಾದ ಗುಡ್ಡ ನೋಡಬೇಕೆಂಬ ಆಸೆ ನನಗೇ ಹೆಚ್ಚು. ಆಪಾ, ಅವಳ ಗಂಡ, ನಾವಿಬ್ಬರು, ಇನ್ನೊಂದೆರಡು ಮನೆಯವರು ಕೂಡಿ ಜೀಪು ಮಾಡಿದೆವು. ಚಿತ್ತಾಪುರ ದಾಟಿ, ಮಳಖೇಡದ ಕೋಟೆಯನ್ನು ಕಿಟಕಿಯಿಂದಲೇ ನೋಡಿ, ಸೇಡಂನಲ್ಲಿ ಚಹಾ ಕುಡಿದು ಹೊರಟೆವು. ದಾರಿಯುದ್ದಕ್ಕೂ ತೊಗರಿ ಹೂಬಿಟ್ಟಿತ್ತು. ಕರಿ ಮಣ್ಣು ಮುಗಿದು ಕೆಂಪು ಮಣ್ಣು ಶುರುವಾದಲ್ಲಿ ಮಿಲ್ಲಿನ ಧೂಳಿಲ್ಲದ ಎಲೆ ನೋಡಿ ಆಪಾ, "ಹಸರು ಇಷ್ಟ್ ಹಸರು ಇರ್ತದೇನು!" ಎಂದಳು.

ಗೈಡ್ ಮೋತಿಲಾಲ ಅಲ್ಲಿಯ ಲಂಬಾಣಿ ತಾಂಡಾದವನು. ಮಾತಿನ ಮಲ್ಲ. ಅವನು ತೋರಿಸಿದ ಚಿರತೆಯ ಹೆಜ್ಜೆ ನಾಯಿಯದೆಂದು ನಮಗೆಲ್ಲ ಗೊತ್ತಾಯಿತು. ಅವನ ಮನಸ್ಸು ಯಾಕೆ ನೋಯಿಸಬೇಕೆಂದು ಎಲ್ಲರೂ ಫೋಟೋ ತೆಗೆದುಕೊಂಡೆವು. ಗುಡ್ಡ ಅರ್ಧ ಹತ್ತಿದ ಮೇಲೆ ಸೀತಾಫಲದ ಗಿಡಗಳ ನಡುವೆ ಒಂದು ಬಯಲು ಬಂತು. ಸುತ್ತಲೂ ತೇಗ. ಒಣ ಎಲೆ ಉದುರಿ ನೆಲ ಕಾಣುತ್ತಿರಲಿಲ್ಲ. ಅಳಿಲು ಓಡಿದರೂ ಚರಚರ ಸದ್ದಾಗುತ್ತಿತ್ತು. ಅಲ್ಲಿ ಅವನು ನಮ್ಮನ್ನು ಕೂಡಿಸಿದ.

"ಇಲ್ಲಿ ಕುಂದ್ರಿ. ಎಲ್ಲಾರೂ ಕಣ್ಣ ಮುಚ್ಚ್ರಿ. ಮಾತಾಡಬ್ಯಾಡ್ರಿ. ಕಾಡು ಏನಂತದ ಕೇಳ್ರಿ. ನಾ ಚಪ್ಪಾಳಿ ಹೊಡದ ಮ್ಯಾಲೆ ಕಣ್ಣ ತಗೀರಿ."

ನಮ್ಮವರು ಚಪ್ಪಲಿ ಕಳೆದಿಟ್ಟು, ಟವೆಲ್ ಹಾಸಿಕೊಂಡು ನನ್ನ ಪಕ್ಕದಲ್ಲೇ ಕೂತರು. ಕಣ್ಣು ಮುಚ್ಚಿದೆವು.

ನನಗೆ ಏನೂ ಕೇಳಿಸಲಿಲ್ಲ. ಸುಳ್ಳಲ್ಲ. ಹಕ್ಕಿ ಇಲ್ಲ, ಗಾಳಿ ಇಲ್ಲ, ಎಲೆ ಮಿಸುಕುತ್ತಿಲ್ಲ. ಮಿಲ್ಲು ನಿಂತ ರಾತ್ರಿಯ ಹಾಗೆ ಎದೆ ಹೊಡೆದುಕೊಳ್ಳಲು ಶುರುವಾಯಿತು. ಕಣ್ಣು ತೆರೆಯಬೇಕೆನಿಸಿತು. ತೆರೆದರೆ ಆಪಾ ನಗುತ್ತಾಳೆಂದು ಬಿಗಿ ಹಿಡಿದು ಕೂತೆ. ಕೊನೆಗೊಮ್ಮೆ ಚಪ್ಪಾಳೆ ಕೇಳಿತು.

ಟವೆಲ್ ಇತ್ತು. ಚಪ್ಪಲಿ ಇತ್ತು. ಅವರು ಇರಲಿಲ್ಲ.

ಮೂತ್ರಕ್ಕೆ ಹೋಗಿರಬೇಕೆಂದುಕೊಂಡೆವು. ಆಮೇಲೆ ಆಪಾನ ಗಂಡ ಮೆಲ್ಲಗೆ, "ಸಪ್ಪಳ ಆಗ್ಲಿಲ್ಲಲ್ಲ?" ಎಂದರು. ಆಗ ನಾವೆಲ್ಲ ಕಾಲ ಕೆಳಗಿನ ಎಲೆ ನೋಡಿದೆವು. ಮೋತಿಲಾಲ ಒಂದು ಹೆಜ್ಜೆ ಇಟ್ಟ, ಹಪ್ಪಳ ಮುರಿದಂತೆ ಸದ್ದಾಯಿತು. ಬರಿಗಾಲಲ್ಲಾದರೂ ಅದರ ಮೇಲೆ ನಡೆದುಹೋದ ಮನುಷ್ಯ ಒಬ್ಬರಿಗೂ ಕೇಳದೆ ಹೋದದ್ದು ಹೇಗೆ? "ನೀ ಕಣ್ಣ ತಕ್ಕೊಂಡ ಇದ್ದಿಲ್ಲೇನಪ್ಪಾ?" ಎಂದು ಆಪಾ ಕೇಳಿದಳು. ತಾನೂ ಮುಚ್ಚಿದ್ದೆನೆಂದು ಮೋತಿಲಾಲ ಹೇಳಿದ.

"ಶರಣಪ್ಪಣ್ಣಾ!" "ಶರಣಪ್ಪ ಭಾಯ್!" ಎಂದು ಎಲ್ಲರೂ ಕೂಗಿದರು. ನಾನು "ರೀ... ಏನ್ರೀ..." ಎನ್ನುತ್ತ ಗಿಡದಿಂದ ಗಿಡಕ್ಕೆ ಓಡಿದೆ. ನಾನು ಹಾಗೆ ಕರೆದಾಗಲೆಲ್ಲ ಜೊತೆಯ ಗಂಡಸರೇ ತಿರುಗಿ ನೋಡುತ್ತಿದ್ದರು.

ಮೋತಿಲಾಲ ಸಿಡುಕಿದ. "ಅಕ್ಕಾ, ರೀ ಅಂದ್ರ ಕಾಡಿಗೇನ್ ತಿಳೀತದ? ಹೆಸರ ಹಿಡದು ಕರೀರಿ!"

ಕರೆದೆ. ಒಡಪಿಲ್ಲದೆ, ಸೆರಗಿಲ್ಲದೆ, ಜನ್ಮದಲ್ಲಿ ಮೊದಲ ಸಲ, "ಶರಣಪ್ಪಾ!" ಎಂದು ಗಂಟಲು ಹರಿಯುವಂತೆ ಕೂಗಿದೆ. ಎದುರಿನ ಗುಡ್ಡ ಸುಮ್ಮನಿತ್ತು. ಎಲ್ಲರೂ ಕೂಗಿದ್ದನ್ನು ಆಗಿಂದಾಗಲೇ ತಿರುಗಿ ಹೇಳಿದ್ದ ಗುಡ್ಡ, ನನ್ನದನ್ನು ಮಾತ್ರ ಸ್ವಲ್ಪ ಇಟ್ಟುಕೊಂಡಿತು. ನಾವು ಮುಂದಕ್ಕೆ ಹೊರಟ ಮೇಲೆ, ಅವಸರವಿಲ್ಲದ ದನಿಯಲ್ಲಿ, ಕೆಳಗಿನ ಕೆರೆಯ ಕಡೆಯಿಂದ ಅದೇ ಹೆಸರು ಬಂತು. ಆಪಾ ನನ್ನ ಕೈ ಹಿಡಿದುಕೊಂಡಳು.

ನಾವು ಆ ದನಿಯ ಕಡೆಗೇ ಇಳಿದೆವು. ಕೆರೆಯ ಮೇಲೆ ಚಾಚಿಕೊಂಡ ಒಂದು ಬಂಡೆ, ಅದರ ತುದಿಯಲ್ಲಿ ನಮ್ಮವರು ನಿಂತಿದ್ದರು. ಬೆನ್ನು ನಮಗೆ, ಮುಖ ನೀರಿಗೆ. ಯಾರದೋ ಮಾತು ಕೇಳುತ್ತಿರುವವರಂತೆ ಕತ್ತು ಒಂದು ಕಡೆಗೆ ವಾಲಿತ್ತು. ಮುಂದೆ ಇನ್ನೊಂದು ಹೆಜ್ಜೆಗೆ ಜಾಗವಿರಲಿಲ್ಲ. ಮೋತಿಲಾಲ ಎಲ್ಲರನ್ನೂ ತಡೆದ. ನಾನೊಬ್ಬಳೇ ಹೋದೆ. ಹತ್ತಿರ ಹೋಗಿ "ರೀ" ಎಂದೆ. ಕದಲಲಿಲ್ಲ. ಕೈಚಾಚಿದರೆ ಅಂಗಿ ಸಿಗುವಷ್ಟು ಹತ್ತಿರ ನಿಂತು ಹೆಸರು ಹಿಡಿದು ಕರೆದೆ. ಕದಲಲಿಲ್ಲ.

ಅಂಥ ಅಂಜಿಕೆಯನ್ನು ನಾನು ಮತ್ತೆಂದೂ ಕಂಡಿಲ್ಲ. ಇವರು ನನ್ನ ಗಂಡನೇ ಹೌದೋ ಎಂಬ ಅನುಮಾನ ಕೂಡ ಬಂದುಹೋಯಿತು. ಮುಟ್ಟಲು ಧೈರ್ಯವಾಗಲಿಲ್ಲ, ಬೆಚ್ಚಿದರೆ ನೀರಿಗೆ. ಬಿಸಿಲು ನನ್ನ ಬೆನ್ನಿಗಿತ್ತು. ಮೆಲ್ಲಗೆ ಪಕ್ಕಕ್ಕೆ ಸರಿದು, ನನ್ನ ನೆರಳು ಅವರ ಕಾಲಬಳಿ ಬಂಡೆಯ ಮೇಲೆ ಬೀಳುವಂತೆ ನಿಂತೆ. ಅದನ್ನು ನೋಡಿ ತಿರುಗಿದರು.

"ಯಾರ್ ಕರಿಲಿಕತ್ತಾರ ನನಗ?" ಎಂದರು.

"ನಾನ ಕರದೀನ್ರಿ."

ನನ್ನ ತುಟಿಯನ್ನೇ ನೋಡಿ ನಕ್ಕರು. "ನೀ ಹೆಸರ ಹಿಡೀತಿ ಏನು? ಹೆಣ್ಣದನಿ ಅದ. ಬರೇ ಶರಣಪ್ಪಾ ಅಂತದ. ನೀವೆಲ್ಲಾ ಕಣ್ಣ ಮುಚ್ಚಿ ಕುಂತಾಗ ಕರೀತು. ಅದಕ್ಕ ಬಂದೀನಿ." ಮತ್ತೆ ನೀರಿನ ಕಡೆ ನೋಡಿದರು. ನಾನು ಅವರ ಅಂಗಿ ಹಿಡಿದು ಎಳೆದುಕೊಂಡು ಬಂದೆ.

ಮರುವಾರವೇ ಕಲಬುರಗಿಯಲ್ಲಿ ಕಿವಿ ಡಾಕ್ಟರಿಗೆ ತೋರಿಸಿದೆವು. ಡಾಕ್ಟರು ನನ್ನನ್ನು ವಿಚಿತ್ರವಾಗಿ ನೋಡಿದರು. "ಇವರಿಗೆ ಕಿವಿ ಕೇಳಿಸದೆ ಭಾಳ ವರ್ಷ ಆಗಿರಬೇಕಲ್ಲಮ್ಮಾ. ನಿಮ್ಮ ಬಾಯಿ ನೋಡಿ ತಿಳ್ಕೋತಾರ. ನಿಮಗ ಗೊತ್ತೇ ಆಗಿಲ್ಲೇನು?" ಉಪ್ಪು, ನೆಂಟರು, ಹೂಂ ಎಲ್ಲ ಒಟ್ಟಿಗೆ ನೆನಪಾಗಿ ಆಸ್ಪತ್ರೆಯ ಬೆಂಚಿನ ಮೇಲೆ ನಗುವೂ ಅಳುವೂ ಕೂಡಿ ಬಂತು. ಹೊರಗೆ ಬಂದ ಮೇಲೆ ಎದೆಯಲ್ಲಿ ಇನ್ನೊಂದು ಮಾತು ಎದ್ದಿತು. ಮಗ್ಗುಲಲ್ಲೇ ನಿಂತು ಕೂಗಿದರೂ ಕೇಳದ ಕಿವಿಗೆ ಕಾಡಿನಲ್ಲಿ ಕೇಳಿಸಿದ್ದು ಏನು? ನಿಮ್ಮ ಅವ್ವನ ದನಿಯೇ ಎಂದು ಕೇಳಿದೆ. ಅವ್ವ ಶರಣ್ಯಾ ಅನ್ನುತ್ತಿದ್ದಳು, ಇದು ಪೂರ್ತಿ ಹೆಸರು ಎಂದರು.

ಕಿವಿಗೆ ಮಷಿನ್ ಹಾಕಿಕೊಳ್ಳಿ ಎಂದರೆ ವರ್ಷಗಟ್ಟಲೆ ಒಪ್ಪಲಿಲ್ಲ. ಆದರೆ ಮತ್ತೊಮ್ಮೆ ಚಿಂಚೋಳಿಗೆ ಹೋಗೋಣವೆಂದು ಆಗಾಗ ಎತ್ತುತ್ತಿದ್ದರು. ನಾನು ಮೊಣಕಾಲು ನೋವು, ಮಳೆ, ನೆಂಟರು ಎಂದು ಏನಾದರೊಂದು ನೆವ ಹೇಳಿ ದಾಟಿಸುತ್ತಿದ್ದೆ. ಹೋದ ತಿಂಗಳು ಇದ್ದಕ್ಕಿದ್ದಂತೆ ತಾವೇ ಹೋಗಿ ಮಷಿನ್ ಹಾಕಿಸಿಕೊಂಡು ಬಂದರು. ನಾನು ಓಣಿಗೆಲ್ಲ ಪೇಢೆ ಹಂಚಿದೆ.

ನಿನ್ನೆ ಸೀತಾಫಲದ ಘಾಟು ಪಡಸಾಲೆಯನ್ನು ಮುಟ್ಟಿತು. ಅವರು ಪೇಪರು ಮಡಚಿದರು.

"ಬರೋ ಐತವಾರ ಚಿಂಚೋಳಿಗಿ ಜೀಪ್ ಹೇಳೀನಿ," ಎಂದರು. "ನೀ ಬರಬ್ಯಾಡ, ನಿನ್ನ ಮೊಣಕಾಲ ನೋಯ್ತಾವ. ನಾ ಒಬ್ಬನ ಹೋಗ್ತೀನಿ. ಈಗ ಕಿವ್ಯಾಗ ಮಷಿನ್ ಅದಲ್ಲ. ಆಕಿ ಯಾರು, ಏನಂತಾಳ, ನೆಟ್ಟಗ ಕೇಳಿ ಬರ್ತೀನಿ."

ಆ ಮಷಿನ್ ಯಾರಿಗಾಗಿ ಬಂತೆಂದು ನನಗೆ ಆಗ ತಿಳಿಯಿತು. ಅವರು ಬೆನ್ನು ತಿರುಗಿಸಿ ಗೂಟದಲ್ಲಿದ್ದ ಚೀಲ ತೆಗೆಯುತ್ತಿದ್ದರು. ನಾನು ಅವರ ಹಿಂದೆ ಹೋಗಿ ನಿಂತೆ. ಅವಸರ ಮಾಡದೆ, ಆವತ್ತು ಕೆರೆಯ ಕಡೆಯಿಂದ ಬಂದಿತ್ತಲ್ಲ, ಹಾಗೇ, "ಶರಣಪ್ಪಾ" ಎಂದೆ.

ಚೀಲ ಕೈಯಿಂದ ಬಿತ್ತು. ತಿರುಗಿದವರ ಕಣ್ಣು ತುಂಬಿತ್ತು. ಬಹಳ ಹೊತ್ತು ನನ್ನ ತುಟಿ ಬಿಟ್ಟು ನನ್ನ ಮುಖವನ್ನೇ ನೋಡಿದರು.

"ಇದ ದನಿ," ಎಂದರು. "ಆವತ್ತ ಕರದಾಕಿ ನೀನ ಏನು?"

"ನಾನ ರೀ," ಎಂದೆ. "ಮತ್ಯಾರು?"

ಜೀಪಿನವನಿಗೆ ಬೇಡವೆಂದು ಫೋನ್ ಮಾಡಿದರು. ಇವತ್ತು ಬೆಳಿಗ್ಗೆಯಿಂದ ಒಂದಲ್ಲ ಒಂದು ನೆವಕ್ಕೆ ಅವರನ್ನು ಹೆಸರು ಹಿಡಿದೇ ಕರೆಯುತ್ತಿದ್ದೇನೆ. ಖೈರುನ್ ಆಪಾ ಕೇಳಿ ಬಾಯಿಗೆ ಸೆರಗು ಹಿಡಿದು ನಕ್ಕಳು. ನಗಲಿ. ಆವತ್ತು ಕಾಡಿನಲ್ಲಿ ಕಣ್ಣು ಮುಚ್ಚಿ ಕೂತಿದ್ದ ಹೊತ್ತಿನಲ್ಲಿ ನಾನು ಬಾಯಿ ತೆರೆದಿರಲಿಲ್ಲ. ಅದು ನನಗೂ ಗೊತ್ತು, ಅಲ್ಲಿ ಕರೆದವಳಿಗೂ ಗೊತ್ತು.